ಮೂತಿ ಇರುವ ಪೆಟ್ಟಿಗೆ

ಜಾಹೀರಾತಿಗೆ ಅನಿಮೇಷನ್ ಮಾಡಲು ಕೂತಾಗ ನಾವು ಮೊದಲು ಹುಡುಕುವುದು ವಸ್ತುವಿನ ಮುಖವನ್ನು. ಸ್ಕೂಟರ್ ಆದರೆ ಹೆಡ್‌ಲೈಟೇ ಕಣ್ಣು. ಕುಕ್ಕರ್ ಆದರೆ ಹಿಡಿಕೆ ಕೈ, ವಿಸಿಲ್ ಜುಟ್ಟು. ಹಳೇ ಕಾಲದ ರೇಡಿಯೊ ಸಿಕ್ಕರಂತೂ ಅರ್ಧ ಕೆಲಸ ಮುಗಿದ ಹಾಗೆ. ದುಂಡನೆಯ ಸ್ಪೀಕರ್ ಅಂದರೆ ಬಾಯಿಯೇ ಅಲ್ವಾ?

1937ರಲ್ಲಿ ನಾಜಿ ಜರ್ಮನಿಯಲ್ಲಿ ‘ಮಿಗರ್ಸ್‌ಹೌಸನ್ ಕದನ’ ಅನ್ನುವ ಪುಟ್ಟ ಕಾರ್ಟೂನ್ ಚಿತ್ರ ಬಂತು. ರೇಡಿಯೊ ಗೊಡವೆಯೇ ಬೇಡ ಅಂತ ಕೂತ ಒಂದು ಹಳ್ಳಿ. ರೇಡಿಯೊಗಳೆಲ್ಲ ಪಡೆ ಕಟ್ಟಿಕೊಂಡು ಅದರ ಮೇಲೆ ದಂಡೆತ್ತಿ ಹೋಗುತ್ತವೆ, ಗೆಲ್ಲುತ್ತವೆ. ಕಥೆ ಇಷ್ಟೇ.

ನೋಡಿದರೆ ನಗು ಬರುತ್ತದೆ. ಕೈಚಳಕ ಇರುವುದೂ ಅಲ್ಲೇ. ಪೆಟ್ಟಿಗೆ ಸುಮ್ನೆ ಮೇಜಿನ ಮೇಲೆ ಕೂತಿದ್ದರೆ ನೋಡುವವನು ‘ಇದಕ್ಕೆಷ್ಟು, ನನಗ್ಯಾಕೆ’ ಅಂತ ಕೇಳುತ್ತಾನೆ. ಅದೇ ಪೆಟ್ಟಿಗೆ ಹೆಜ್ಜೆ ಹಾಕಿ ಹೊರಟಿತು ಅನ್ನಿ, ಆ ಪ್ರಶ್ನೆ ಮಾಯ. ಊರು ಮುಟ್ಟುತ್ತದಾ, ಗೆಲ್ಲುತ್ತದಾ ಅನ್ನುವ ಕುತೂಹಲವಷ್ಟೇ ಉಳಿಯುತ್ತದೆ. ಬೇಡ ಅಂದವನು ತೆರೆಯ ಮೇಲೆ ಪೆದ್ದನಾಗುತ್ತಾನೆ. ಟಾಕೀಸಿನಲ್ಲಿ ಕೂತ ಯಾರಿಗೂ ಆ ಪೆದ್ದ ತಾನೇ ಅನ್ನಿಸಿಕೊಳ್ಳಲು ಇಷ್ಟವಿರುವುದಿಲ್ಲ. ಸೈನ್ಯ ಬಂದು ಊರು ಹಿಡಿಯುವುದನ್ನು ನೋಡಿ ಮಕ್ಕಳೂ ಚಪ್ಪಾಳೆ ತಟ್ಟುವ ಹಾಗೆ ಮಾಡುವುದು ಅನಿಮೇಷನ್‌ಗೆ ಮಾತ್ರ ಇಷ್ಟು ಸಲೀಸು. ನಮ್ಮ ಕಸುಬಿನವನಾಗಿ ಇದನ್ನು ಹೇಳಲು ಕಸಿವಿಸಿಯಾಗುತ್ತದೆ.

ಈ ಚಿತ್ರ ಮಾರಬೇಕಿದ್ದ ಸರಕು ಫೋಕ್ಸ್‌ಎಂಪ್ಫೆಂಗರ್, ಅಂದರೆ ಜನರ ರೇಡಿಯೊ. 1933ರ ಆಗಸ್ಟ್‌ನಲ್ಲಿ ಬರ್ಲಿನ್ನಿನ ರೇಡಿಯೊ ಪ್ರದರ್ಶನದಲ್ಲಿ ಹೊರಬಂತು. ಮಾಡೆಲ್ ಹೆಸರು ವಿಇ 301. ಹಿಟ್ಲರ್ ಚಾನ್ಸಲರ್ ಆದ ಜನವರಿ 30ನ್ನೇ, 30-1 ಅಂತ, ಹೆಸರಿನಲ್ಲಿ ಅಡಗಿಸಿದ್ದರು. ಮೇಲೆ ಬಟ್ಟೆ ಹೊದಿಸಿದ ದುಂಡು ಸ್ಪೀಕರ್, ಕೆಳಗೆ ಚಿಕ್ಕ ಡಯಲ್, ಅದರ ಪಕ್ಕ ಹದ್ದು ಮತ್ತು ಸ್ವಸ್ತಿಕ. ನನ್ನ ಕಣ್ಣಿಗೆ ಬಾಯಿ ಮೇಲೆ, ಕಣ್ಣು ಕೆಳಗೆ ಬಂದ ತಲೆಕೆಳಗಾದ ಮುಖ! ಬೆಲೆ 76 ಮಾರ್ಕ್. ಜೊತೆಗೆ ತಿಂಗಳಿಗೆ 2 ಮಾರ್ಕ್ ಲೈಸೆನ್ಸ್ ಶುಲ್ಕ. ಅದರಲ್ಲೊಂದು ಪಾಲು ಹಿಟ್ಲರನ ಪ್ರಚಾರ ಮಂತ್ರಿ ಗೊಬೆಲ್ಸ್‌ನ ಇಲಾಖೆಗೆ. ರೇಡಿಯೊದಲ್ಲಿ ನಾಜಿಗಳ ಭಾಷಣ ಕೇಳುವವರೇ ಭಾಷಣದ ಖರ್ಚೂ ಕೊಡುತ್ತಿದ್ದರು.

1938ರಲ್ಲಿ ಇನ್ನೂ ಚಿಕ್ಕ ಸೆಟ್ ಬಂತು, 35 ಮಾರ್ಕ್‌ಗೆ. ಅದಕ್ಕೆ ಜನ ಇಟ್ಟ ಅಡ್ಡಹೆಸರು ‘ಗೊಬೆಲ್ಸ್ ಮೂತಿ’. ಕಾರ್ಟೂನಿನವರು ಪೆಟ್ಟಿಗೆಗೆ ಜೀವ ತುಂಬಿದರು. ಆ ಬಾಯಿ ಯಾರದು ಅಂತ ಜನ ತಾವೇ ಗುರುತಿಸಿದರು.

ಆದರೂ ಆ ಅಗ್ಗದ ಸೆಟ್‌ಗಳಲ್ಲಿ ರಾತ್ರಿ ಹೊತ್ತು ಲಂಡನ್ ಸ್ಟೇಷನ್ ಸಿಗುತ್ತಿತ್ತು. 1939ರ ಸೆಪ್ಟೆಂಬರ್‌ನಲ್ಲಿ ಯುದ್ಧ ಶುರುವಾಯಿತು. ಹೊರದೇಶದ ಸ್ಟೇಷನ್ ಕೇಳುವುದು ಅಪರಾಧ ಎಂದು ಬರೆದ ರಟ್ಟಿನ ಚೀಟಿಯೊಂದು ರೇಡಿಯೊದ ತಿರುಗುಣಿಗೆ ನೇತುಬಿತ್ತು.