ಹೆಲ್ಮೆಟ್ಟಿನೊಳಗೊಂದು ರೇಡಿಯೊ

ಅಮೆರಿಕನ್ ಫುಟ್‌ಬಾಲನ್ನು ಮೊದಲ ಸಲ ನೋಡಿದವರಿಗೆ ಬೇಜಾರಾಗುವುದು ಸಹಜ. ಐದಾರು ಸೆಕೆಂಡು ಗುದ್ದಾಟ, ಆಮೇಲೆ ಅರ್ಧ ನಿಮಿಷ ಸುಮ್ನೆ ಗುಂಪುಕಟ್ಟಿ ನಿಲ್ಲುತ್ತಾರೆ. ಮುಂದೇನು ಆಡಬೇಕೆಂದು ತೀರ್ಮಾನವಾಗುವುದು ಆಗಲೇ. ಪಾಲ್ ಬ್ರೌನ್ ಎಂಬ ಕೋಚ್‌ಗೆ ಮಾತ್ರ ಆ ಅರ್ಧ ನಿಮಿಷದ ಮೇಲೇ ಕಣ್ಣು.

ಒಹಾಯೊ ರಾಜ್ಯದ ಮ್ಯಾಸಿಲನ್‌ನಲ್ಲಿ ಹೈಸ್ಕೂಲ್ ಹುಡುಗರನ್ನು ಪಳಗಿಸಿದ್ದವರು ಇವರು. 1946ರಲ್ಲಿ ಕ್ಲೀವ್‌ಲ್ಯಾಂಡಿನ ಹೊಸ ತಂಡ ಕಣಕ್ಕಿಳಿದಾಗ ಅವರೇ ಕೋಚ್. ತಂಡಕ್ಕೂ ಅವರದೇ ಹೆಸರು, ಬ್ರೌನ್ಸ್. ಅಲ್ಲೂ ಮೇಷ್ಟ್ರುತನ ಬಿಡಲಿಲ್ಲ. ವೃತ್ತಿಪರ ಆಟಗಾರರನ್ನು ಕೂರಿಸಿ ಪಾಠ ಮಾಡಿದರು, ನೋಟ್ಸ್ ಬರೆಸಿದರು, ಪರೀಕ್ಷೆ ಇಟ್ಟರು. ವೇಗ ಅಳೆಯಲು 40 ಗಜ ಓಡಿಸಿದರು. ಪಂಟ್, ಅಂದರೆ ಚೆಂಡನ್ನು ದೂರಕ್ಕೆ ಒದ್ದು ಎದುರಾಳಿಗೆ ಬಿಟ್ಟುಕೊಟ್ಟಾಗ, ಅದರ ಹಿಂದೆ ಓಡಬೇಕಾದ ದೂರ ಹೆಚ್ಚುಕಡಿಮೆ ಅಷ್ಟೇ ಅಲ್ವಾ?

ಮುಂದೆ ಏನು ಆಡಬೇಕೆಂದು ಕ್ವಾರ್ಟರ್‌ಬ್ಯಾಕ್, ಅಂದರೆ ಚೆಂಡು ಹಿಡಿದು ದಾಳಿ ನಡೆಸುವ ಆಟಗಾರ, ತಾನೇ ತೀರ್ಮಾನಿಸುವುದು ಆಗಿನ ರೂಢಿ. ಬ್ರೌನ್ ಅದನ್ನೂ ತಮ್ಮ ಕೈಗೆ ತೆಗೆದುಕೊಂಡರು. ಆದರೆ ಹೊರಗಿನಿಂದ ಹೇಳಿ ಕಳಿಸುವುದು ಹೇಗೆ? ಕ್ವಾರ್ಟರ್‌ಬ್ಯಾಕ್‌ನ ಮುಂದೆ ನಿಂತು ಎದುರಾಳಿಗಳನ್ನು ತಡೆಯುವ ಗಾರ್ಡ್ ಜಾಗಕ್ಕೆ ಇಬ್ಬರನ್ನು ಇಟ್ಟರು. ಒಬ್ಬ ಒಳಗೆ ಆಡುವಾಗ ಇನ್ನೊಬ್ಬ ಕೋಚ್ ಪಕ್ಕ ನಿಂತು ಮುಂದಿನ ಆಟ ಕೇಳಿಸಿಕೊಳ್ಳುತ್ತಾನೆ, ಓಡಿಹೋಗಿ ಕ್ವಾರ್ಟರ್‌ಬ್ಯಾಕ್‌ಗೆ ಹೇಳುತ್ತಾನೆ, ಮೊದಲಿನವನು ವಾಪಸ್ ಬರುತ್ತಾನೆ. ಥೇಟ್ ಅಂಚೆಯವನ ಕೆಲಸ. ಹೀಗೆ ಓಡಾಡಿದವರಲ್ಲಿ ಚಕ್ ನಾಲ್ ಒಬ್ಬರು. ಮುಂದೆ ಅವರೇ ಕೋಚ್ ಆಗಿ ನಾಲ್ಕು ಸೂಪರ್ ಬೌಲ್, ಅಂದರೆ ಲೀಗಿನ ಫೈನಲ್, ಗೆದ್ದರು. ಕೇಳಿಸಿಕೊಂಡದ್ದು ದಂಡವಾಗಲಿಲ್ಲ!

1956ರಲ್ಲಿ ಬ್ರೌನ್ ಅಂಚೆಯವನನ್ನೂ ತೆಗೆಯಲು ನೋಡಿದರು. ಕ್ವಾರ್ಟರ್‌ಬ್ಯಾಕ್‌ನ ಹೆಲ್ಮೆಟ್ಟಿನೊಳಗೆ ಪುಟ್ಟ ರೇಡಿಯೊ ರಿಸೀವರ್, ಮೈದಾನದಂಚಿನಲ್ಲಿ ಟ್ರಾನ್ಸ್‌ಮಿಟರ್. ಉಪಾಯವೇನೋ ಚೆನ್ನಾಗಿತ್ತು. ಆದರೆ ರೇಡಿಯೊ ಅಲೆಗೆ ನಮ್ಮವರು, ಎದುರಾಳಿ ಎಂಬ ಭೇದವಿಲ್ಲ. ಬಲ್ಬಿನ ಬೆಳಕಿನ ಹಾಗೆ ಸುತ್ತಲೂ ಹರಡುತ್ತದೆ; ಅದೇ ಫ್ರೀಕ್ವೆನ್ಸಿಗೆ ತಿರುಗಿಸಿದ ಯಾರಿಗಾದರೂ ಕೇಳುತ್ತದೆ. ನ್ಯೂಯಾರ್ಕ್ ಜೈಂಟ್ಸ್ ತಂಡ ಮಾಡಿದ್ದೂ ಅದನ್ನೇ. ಕದ್ದು ಕೇಳಿದರು, ಪಂದ್ಯವನ್ನೂ ಗೆದ್ದರು. ಅದೇ ಅಕ್ಟೋಬರ್‌ನಲ್ಲಿ ಈ ತಂಡಗಳು ಆಡುವ ಲೀಗಾದ ಎನ್‌ಎಫ್‌ಎಲ್‌ನ ಕಮಿಷನರ್ ಬರ್ಟ್ ಬೆಲ್ ಈ ಸಾಧನವನ್ನೇ ನಿಷೇಧಿಸಿದರು.

ನಮ್ಮ ಕ್ರಿಕೆಟ್ ಪ್ರಿಯರಿಗೆ 1999ರ ವಿಶ್ವಕಪ್ ನೆನಪಿರಬಹುದು. ಭಾರತದ ವಿರುದ್ಧ ದಕ್ಷಿಣ ಆಫ್ರಿಕಾದ ನಾಯಕ ಹ್ಯಾನ್ಸಿ ಕ್ರೊನ್ಯೆ ಕಿವಿಗೆ ಇಯರ್‌ಪೀಸ್ ಸಿಕ್ಕಿಸಿಕೊಂಡು ಬಂದಿದ್ದರು, ಹೊರಗಿನಿಂದ ಕೋಚ್ ಬಾಬ್ ವೂಲ್ಮರ್ ಮಾತು. ಅದನ್ನೂ ಪಂದ್ಯದ ನಡುವೆಯೇ ತೆಗೆಸಿದರು.

ಬ್ರೌನ್ ತೀರಿಕೊಂಡದ್ದು 1991ರಲ್ಲಿ. ಮೂರು ವರ್ಷದ ನಂತರ, 1994ರಲ್ಲಿ, ಲೀಗ್ ತಾನಾಗಿಯೇ ಹೆಲ್ಮೆಟ್ ರೇಡಿಯೊಗೆ ಒಪ್ಪಿಗೆ ಕೊಟ್ಟಿತು. ಈಗ ಮಾತನ್ನು ಸಂಕೇತಕ್ಕೆ ಬದಲಿಸಿ ಕಳಿಸುತ್ತಾರೆ, ಕದ್ದರೂ ಅರ್ಥವಾಗದು. ರೇಡಿಯೊ ಇರುವ ಹೆಲ್ಮೆಟ್ಟಿನ ಹಿಂದೆ ಒಂದು ಹಸಿರು ಚುಕ್ಕೆ ಅಂಟಿಸಿರುತ್ತಾರೆ. ಆಟ ಶುರುಮಾಡಲು ಇನ್ನು 15 ಸೆಕೆಂಡು ಇದೆ ಎನ್ನುವಾಗ ಕೋಚ್ ದನಿ ತಾನಾಗೇ ಕಟ್ ಆಗುತ್ತದೆ. ಅಲ್ಲಿಂದಾಚೆಗೆ ಹುಡುಗ ತನ್ನ ತಲೆಯನ್ನೇ ಓಡಿಸಬೇಕು.