ರೈಲು ಓಡಿಸುವವರಿಗೆ ಇಟ್ಟಿಗೆ ಎಣಿಸುವ ಪರೀಕ್ಷೆ ಯಾಕೆ?

ಪ್ರಶ್ನೆ: ತಮ್ಮ ರೈಲ್ವೆಯ ಸಹಾಯಕ ಲೋಕೋ ಪೈಲಟ್ ಹುದ್ದೆಗೆ ತಯಾರಿ ಮಾಡುತ್ತಿದ್ದಾನೆ. ಕೊನೆಯ ಹಂತದ ಮನೋಪರೀಕ್ಷೆಯಲ್ಲಿ ಪೇರಿಸಿದ ಇಟ್ಟಿಗೆಗಳ ಚಿತ್ರ ತೋರಿಸಿ, ಗುರುತು ಹಾಕಿದ ಇಟ್ಟಿಗೆಗೆ ಎಷ್ಟು ಇಟ್ಟಿಗೆ ತಾಗಿವೆ ಎಂದು ಕೇಳುತ್ತಾರಂತೆ. ರೈಲು ಓಡಿಸುವುದಕ್ಕೂ ಇದಕ್ಕೂ ಏನು ಸಂಬಂಧ?

ಉತ್ತರ: ನೋಡುವುದಕ್ಕೆ ಸಂಬಂಧ ಇಲ್ಲ, ಮನಸ್ಸು ಮಾಡುವ ಕೆಲಸದಲ್ಲಿ ಇದೆ. ಈ ವಾದವನ್ನು ಮೊದಲು ಪ್ರಯೋಗ ಮಾಡಿ ತೋರಿಸಿದವರಲ್ಲಿ ಪ್ರಮುಖ ಹೆಸರು ಜರ್ಮನ್ ಮನೋವಿಜ್ಞಾನಿ ಹ್ಯೂಗೊ ಮ್ಯೂನ್ಸ್ಟರ್‌ಬರ್ಗ್. 1863ರಲ್ಲಿ ಡಾನ್ಸಿಗ್‌ನಲ್ಲಿ ಹುಟ್ಟಿ, ಲೈಪ್ಸಿಗ್‌ನಲ್ಲಿ ಪ್ರಾಯೋಗಿಕ ಮನೋವಿಜ್ಞಾನಕ್ಕೆ ಬುನಾದಿ ಹಾಕಿದ ವುಂಟ್ ಬಳಿ ಮನೋವಿಜ್ಞಾನ ಕಲಿತು, ವೈದ್ಯ ಪದವಿಯನ್ನೂ ಪಡೆದು, 1892ರಲ್ಲಿ ಅಮೆರಿಕದ ಮನೋವಿಜ್ಞಾನಿ ವಿಲಿಯಂ ಜೇಮ್ಸ್ ಕರೆದ ಮೇಲೆ ಹಾರ್ವರ್ಡ್‌ಗೆ ಹೋದವರು.

ಆಗ ಅಮೆರಿಕದ ನಗರಗಳಲ್ಲಿ ವಿದ್ಯುತ್ ಟ್ರಾಮ್ ಅಪಘಾತ ವಿಪರೀತವಾಗಿತ್ತು. ಕೆಲವು ಕಂಪನಿಗಳ ಒಟ್ಟು ಆದಾಯದಲ್ಲಿ ಶೇ. 13ರವರೆಗೆ ಇದಕ್ಕೇ ಹೋಗುತ್ತಿತ್ತು. ಕಣ್ಣು, ಕಿವಿ, ಕೈಯ ಚುರುಕು ಎಲ್ಲ ಸರಿ ಇರುವ ಚಾಲಕರೂ ಜನರನ್ನು ಗುದ್ದುತ್ತಿದ್ದರು. 1912ರಲ್ಲಿ ಈ ಸಮಸ್ಯೆ ಕೈಗೆ ಬಂದಾಗ ಮ್ಯೂನ್ಸ್ಟರ್‌ಬರ್ಗ್ ಚಾಲಕನ ಕೆಲಸದ ತಿರುಳು ಏನು ಎಂದು ಹುಡುಕಿದರು. ಎದುರಿನ ಬೀದಿಯಲ್ಲಿ ನಡೆಯುವವರು, ಕುದುರೆ ಗಾಡಿ, ಮೋಟಾರು ಎಲ್ಲ ಬೇರೆ ಬೇರೆ ವೇಗದಲ್ಲಿ ಓಡಾಡುತ್ತಿರುತ್ತವೆ. ಅವುಗಳಲ್ಲಿ ಯಾವುದು ಹಳಿಯ ಮೇಲೆ ಬರಲಿದೆ ಎಂದು ಮುಂಚಿತವಾಗಿ ಅಂದಾಜು ಮಾಡಬೇಕು, ಉಳಿದದ್ದನ್ನು ಬಿಡಬೇಕು. ಈ ಬಿಡುವುದೇ ಕಷ್ಟದ ಭಾಗ.

ಇದನ್ನು ಅಳೆಯಲು ಆಟಿಕೆ ಟ್ರಾಮ್ ಮಾಡಬಹುದಿತ್ತು. ಅವರು ಬೇಡವೆಂದರು. ನೋಡಲು ಟ್ರಾಮಿನಂತಿದ್ದ ಮಾತ್ರಕ್ಕೆ ಅದರ ಮುಂದೆ ಕೂತವನ ಮನಸ್ಸು ಬೀದಿಯಲ್ಲಿದ್ದಂತೆ ಇರುವುದಿಲ್ಲ. ಬದಲಿಗೆ ಕಾರ್ಡ್ ಮಾಡಿದರು. ಅರ್ಧ ಅಂಗುಲದ ಚೌಕಗಳು, ಉದ್ದಕ್ಕೆ 26, ಅಗಲಕ್ಕೆ 9. ನಡುವಿನ ಸಾಲು ಹಳಿ. ಅದರ 26 ಚೌಕಗಳಿಗೆ ಎ ಯಿಂದ ಝಡ್‌ವರೆಗೆ ಇಂಗ್ಲಿಷ್ ಅಕ್ಷರ. ಎರಡೂ ಬದಿಯ ನಾಲ್ಕು ನಾಲ್ಕು ಸಾಲುಗಳೇ ಬೀದಿ. ಅಲ್ಲಿ ಚದುರಿದ ಅಂಕಿಗಳು: 1 ಎಂದರೆ ಒಂದು ಹೆಜ್ಜೆ ಇಡುವ ಪಾದಚಾರಿ, 2 ಎಂದರೆ ಅದರ ಎರಡರಷ್ಟು ವೇಗದ ಕುದುರೆ, 3 ಎಂದರೆ ಮೋಟಾರು. ಕಪ್ಪು ಅಂಕಿ ಹಳಿಗೆ ಸಮಾನಾಂತರವಾಗಿ ಹೋಗುವುದು, ಅದನ್ನು ಗಮನಿಸಬೇಕಾಗಿಲ್ಲ. ಕೆಂಪು ಅಂಕಿ ಹಳಿಯ ಕಡೆಗೆ ಬರುವುದು.

ಕೆಂಪು 3 ಹಳಿಯಿಂದ ಮೂರನೇ ಚೌಕದಲ್ಲಿದ್ದರೆ ಸರಿಯಾಗಿ ಹಳಿಯ ಮೇಲೆ ಬಂದು ನಿಲ್ಲುತ್ತದೆ. ಅಲ್ಲಿನ ಅಕ್ಷರವನ್ನು ಕೂಗಿ ಹೇಳಬೇಕು. ಅದೇ ಕೆಂಪು 3 ನಾಲ್ಕನೇ ಚೌಕದಲ್ಲಿದ್ದರೆ ಹಳಿಯವರೆಗೆ ಬರುವುದಿಲ್ಲ. ಒಂದನೆಯದರಲ್ಲೋ ಎರಡನೆಯದರಲ್ಲೋ ಇದ್ದರೆ ಆಗಲೇ ದಾಟಿ ಹೋಗಿರುತ್ತದೆ. ಇಂಥ ಹನ್ನೆರಡು ಕಾರ್ಡುಗಳು ಸಣ್ಣ ಕಂಡಿಯ ಕೆಳಗೆ ಸರಿಯುತ್ತವೆ, ಹಿಡಿಕೆ ತಿರುಗಿಸುವವನು ಚಾಲಕನೇ. ವೇಗವೂ ಅವನ ಕೈಯಲ್ಲೇ. ಪರೀಕ್ಷೆಗೆ ಕೂತ ಚಾಲಕರು ಟ್ರಾಮಿನ ಮೇಲೆ ನಿಂತಾಗಿನ ಅನುಭವವೇ ಆಯಿತು ಎಂದರು. ಬರೀ ಅಂಕಿ, ಬರೀ ಅಕ್ಷರ!

ಅಂಕ ಹಾಕುವ ಕ್ರಮ: ಗುರುತಿಸದೆ ಬಿಟ್ಟ ಅಪಾಯಗಳ ಸಂಖ್ಯೆಯನ್ನು 10ರಿಂದ ಗುಣಿಸಿ, ತೆಗೆದುಕೊಂಡ ಸೆಕೆಂಡುಗಳಿಗೆ ಕೂಡಿಸುವುದು. ಒಬ್ಬ 240 ಸೆಕೆಂಡಿನಲ್ಲಿ ಮುಗಿಸಿ 20 ಬಿಟ್ಟ ಎಂದುಕೊಳ್ಳಿ, ಮೊತ್ತ 440. ಇನ್ನೊಬ್ಬ 330 ಸೆಕೆಂಡು ತೆಗೆದುಕೊಂಡು 5 ಬಿಟ್ಟ, ಮೊತ್ತ 380. ಕಡಿಮೆ ಮೊತ್ತದವನೇ ಮೇಲು, ನಿಧಾನವಾದರೂ.

ಹಡಗಿನ ಅಧಿಕಾರಿಗಳಿಗೂ ಮ್ಯೂನ್ಸ್ಟರ್‌ಬರ್ಗ್ ಒಂದು ಪರೀಕ್ಷೆ ಮಾಡಿದರು. ಅವರಲ್ಲಿ ಅಳೆಯಬೇಕಾದದ್ದು ಬೇರೆ: ದಿಢೀರ್ ಸಂಕಟದಲ್ಲಿ ನಿರ್ಧಾರ. 24 ಕಾರ್ಡು, ಪ್ರತಿಯೊಂದರಲ್ಲಿ 48 ಅಕ್ಷರ. ಎ, ಇ, ಒ, ಯು ಇವುಗಳಲ್ಲಿ ಯಾವುದು ಹೆಚ್ಚು ಇದೆಯೋ ಆ ಗುಂಪಿಗೆ ಬೇಗ ಹಾಕಬೇಕು. ಕೆಲವದರಲ್ಲಿ ಒಂದು ಅಕ್ಷರ 21 ಸಲ, ಉಳಿದ ಮೂರು 9 ಸಲ, ಸುಲಭ. ಕೆಲವದರಲ್ಲಿ 15 ಮತ್ತು 11. ಎಣಿಸುತ್ತ ಕೂತರೆ ಸಮಯ ಸಾಲದು. ಕೆಲವರು ಕೈಕಟ್ಟಿದಂತೆ ನಿಂತುಬಿಟ್ಟರೆ, ಕೆಲವರು ನೋಡದೆ ಎಸೆಯುತ್ತಾರೆ. ಹಡಗಿನ ಮೇಲೆ ಎರಡೂ ಅಪಾಯವೇ.

ಇಂಥ ಪರೀಕ್ಷೆ ನಂಬಬಹುದೇ ಎಂದು ತಿಳಿಯಲು ಒಂದೇ ದಾರಿ: ಕೆಲಸದಲ್ಲಿ ಹೇಗೆಂದು ಆಗಲೇ ಗೊತ್ತಿರುವವರನ್ನು ಕೂರಿಸಿ ನೋಡುವುದು. ಟ್ರಾಮ್ ಕಂಪನಿ ಅತ್ಯುತ್ತಮ ಚಾಲಕರನ್ನೂ, ವಜಾ ಆಗುವುದರಿಂದ ಅಷ್ಟರಲ್ಲೇ ಪಾರಾದವರನ್ನೂ, ನಡುವಿನವರನ್ನೂ ಕಳಿಸಿತು. ಟೆಲಿಫೋನ್ ಕಂಪನಿಯೊಂದು ಇನ್ನೂ ಕಟ್ಟುನಿಟ್ಟು. ಪತ್ರಿಕೆಯ ಪುಟದಲ್ಲಿ ಆರು ನಿಮಿಷ ಒಂದೇ ಅಕ್ಷರವನ್ನು ಹೊಡೆದು ಹಾಕುವುದು, ಅಂಕಿ ನೆನಪಿಡುವುದು ಮುಂತಾದ ಪರೀಕ್ಷೆಗೆ ಕೂತ ಹೊಸ ಹುಡುಗಿಯರ ನಡುವೆ ನುರಿತ ಆಪರೇಟರುಗಳನ್ನು ಮ್ಯೂನ್ಸ್ಟರ್‌ಬರ್ಗ್‌ಗೆ ಹೇಳದೆ ಸೇರಿಸಿತ್ತು. ಆ ನುರಿತವರೇ ಮೇಲೆ ಬಂದರು.

ಹಾಗೆಂದು ಕೊರತೆ ಇರಲಿಲ್ಲ ಎಂದಲ್ಲ. ಪರೀಕ್ಷೆಗೆ ಕೂತವರು ಕಡಿಮೆ. ಒಳ್ಳೆಯ ಚಾಲಕ ಯಾರು ಎಂದು ಹೇಳಿದ್ದು ಕಂಪನಿಯೇ. ಜನಜಂಗುಳಿಯ ದಾರಿ ಸಿಕ್ಕವನಿಗೆ ಅಪಘಾತ ಹೆಚ್ಚಾಗುವುದು ಸಹಜ, ಅದು ಅವನ ಮನಸ್ಸಿನ ದೋಷ ಅಲ್ಲ. ನಮ್ಮ ದೃಷ್ಟಿಯಲ್ಲಿ ಇದೇ ದೊಡ್ಡ ಕೊರತೆ.

ಇದೇ ಮನುಷ್ಯ 1909ರಲ್ಲಿ ಮನೋಚಿಕಿತ್ಸೆಯ ಬಗ್ಗೆ, 1916ರಲ್ಲಿ ಸಿನಿಮಾ ಬಗ್ಗೆ ಪುಸ್ತಕ ಬರೆದರು. ಅಲ್ಲೂ ಗಮನದ ವಿಚಾರವೇ: ಟ್ರಾಮ್ ಚಾಲಕ ನೂರು ವಸ್ತುಗಳಲ್ಲಿ ಒಂದನ್ನು ತಾನೇ ಆರಿಸಬೇಕು, ಸಿನಿಮಾದಲ್ಲಿ ಕ್ಲೋಸ್‌ಅಪ್ ಆ ಆಯ್ಕೆಯನ್ನು ನೋಡುವವನ ಪರವಾಗಿ ಮಾಡಿಬಿಡುತ್ತದೆ. ಆ ವರ್ಷದ ಡಿಸೆಂಬರಿನಲ್ಲಿ ಪಾಠ ಮಾಡುತ್ತಿರುವಾಗಲೇ ಕುಸಿದು ತೀರಿಕೊಂಡರು. ಅವರ ಶಿಷ್ಯ ನರೇಂದ್ರನಾಥ ಸೇನ್‌ಗುಪ್ತ ಕಲ್ಕತ್ತ ವಿಶ್ವವಿದ್ಯಾಲಯದಲ್ಲಿ ಪ್ರಾಯೋಗಿಕ ಮನೋವಿಜ್ಞಾನ ಆರಂಭಿಸಿದರು. ಮೈಸೂರಿನಲ್ಲಿ ಆ ಕೆಲಸ 1924ರಲ್ಲಿ ಎಂ. ವಿ. ಗೋಪಾಲಸ್ವಾಮಿಯವರಿಂದ ಶುರುವಾಯಿತು, ಮುಂದೆ ಅಲ್ಲೇ 'ಆಕಾಶವಾಣಿ' ಎಂಬ ರೇಡಿಯೋ ಕೇಂದ್ರ ಕಟ್ಟಿದವರೂ ಅವರೇ.

ನಿಮ್ಮ ತಮ್ಮನ ಪರೀಕ್ಷೆಗೆ ಬರೋಣ. ಅದರಲ್ಲಿ ಐದು ಭಾಗ: ನೆನಪು, ಸೂಚನೆ ಪಾಲನೆ, ಆಳದ ಗ್ರಹಿಕೆ, ಏಕಾಗ್ರತೆ, ಗ್ರಹಿಕೆಯ ವೇಗ. ಇಟ್ಟಿಗೆಗಳು ಆಳದ ಗ್ರಹಿಕೆಗೆ. ಚಿತ್ರದಲ್ಲಿ ಕಾಣದ ಬದಿಯನ್ನೂ ಮನಸ್ಸಿನಲ್ಲಿ ಕಟ್ಟಿಕೊಳ್ಳಬೇಕು. ಪ್ರತಿ ಭಾಗದಲ್ಲೂ ಕನಿಷ್ಠ 42 ಟಿ-ಸ್ಕೋರ್ ಬೇಕು, ಯಾವ ವರ್ಗಕ್ಕೂ ರಿಯಾಯಿತಿ ಇಲ್ಲ. ಟಿ-ಸ್ಕೋರ್ ಎಂದರೆ ಶೇಕಡಾ ಅಂಕ ಅಲ್ಲ. ಸರಾಸರಿಯನ್ನು 50 ಎಂದು ಇಟ್ಟು, ಅದರಿಂದ ಎಷ್ಟು ಮೇಲೆ ಅಥವಾ ಕೆಳಗೆ ಇದ್ದೀರಿ ಎಂದು ಹೇಳುವ ಲೆಕ್ಕ. ಮ್ಯೂನ್ಸ್ಟರ್‌ಬರ್ಗ್ ಎಲ್ಲವನ್ನೂ ಒಂದೇ ಮೊತ್ತಕ್ಕೆ ಕೂಡಿಸಿದ್ದರು, ಇಲ್ಲಿ ಹಾಗಿಲ್ಲ. ನಾಲ್ಕರಲ್ಲಿ 60 ಬಂದು ಇಟ್ಟಿಗೆಯಲ್ಲಿ 40 ಬಂದರೆ ಅನುತ್ತೀರ್ಣ. ಹಾಗಾಗಿ ಬರುವ ಭಾಗವನ್ನೇ ಮತ್ತೆ ಮತ್ತೆ ಅಭ್ಯಾಸ ಮಾಡುವ ಬದಲು, ಬಾರದ ಭಾಗಕ್ಕೆ ಗಡಿಯಾರ ಇಟ್ಟುಕೊಂಡು ದಿನವೂ ಕೂರಲು ಹೇಳಿ.