ಕಾಲು ಸೆಕೆಂಡಿನ ಕಾಳಗ

ಗೋಡೆಯ ಮರೆಯಿಂದ ಎದುರಾಳಿ ಹೊರಗೆ ಬರುತ್ತಾನೆ. ಅವನ ರೂಪ ಕಣ್ಣಿಗೆ ಬಿದ್ದು, ಮಿದುಳು ಗುರುತಿಸಿ, ಬೆರಳಿಗೆ ಅಪ್ಪಣೆ ಹೋಗಿ, ಮೌಸ್‌ನ ಗುಂಡಿ ಕೆಳಗಿಳಿಯುವಷ್ಟರಲ್ಲಿ ಸುಮಾರು 200ರಿಂದ 250 ಮಿಲಿಸೆಕೆಂಡ್ ಕಳೆದಿರುತ್ತದೆ. ಆರೋಗ್ಯವಂತ ವಯಸ್ಕರಲ್ಲಿ ಇದು ಸಾಮಾನ್ಯ ಲೆಕ್ಕ. ಅಭ್ಯಾಸದಿಂದ ಒಂದಿಷ್ಟು ಉಳಿಸಬಹುದು, ಆದರೆ ತೀರಾ ಕೆಳಗಿಳಿಸಲು ನರಗಳೇ ಬಿಡುವುದಿಲ್ಲ. ಇತ್ತ ಐದೈದು ಜನರ ಎರಡು ತಂಡಗಳು ಗುಂಡು ಹಾರಿಸಿ ಕಾದಾಡುವ ಕಂಪ್ಯೂಟರ್ ಆಟ ಕೌಂಟರ್-ಸ್ಟ್ರೈಕ್‌ನಲ್ಲಿ ಎಕೆ-47 ಬಂದೂಕು ನಿಮಿಷಕ್ಕೆ 600 ಗುಂಡು ಉಗುಳುತ್ತದೆ, ಅಂದರೆ 100 ಮಿಲಿಸೆಕೆಂಡಿಗೆ ಒಂದು. ತಲೆಗೆ ತಗುಲಿದರೆ ಒಂದೇ ಸಾಕು, ಹೆಲ್ಮೆಟ್ ಇದ್ದರೂ ಉಳಿಗಾಲವಿಲ್ಲ.

ಎಲ್ಲರ ನರಗಳೂ ಹೆಚ್ಚುಕಡಿಮೆ ಒಂದೇ ವೇಗದವು. ಆದರೂ ಹತ್ತು ಜನರ ಒಂದೇ ಮ್ಯಾಚಿನಲ್ಲಿ ಒಬ್ಬ ರೌಂಡಿಗೆ ಇಬ್ಬರನ್ನು ಉರುಳಿಸುತ್ತಾನೆ, ಇನ್ನೊಬ್ಬ ಯಾರನ್ನೂ ನೋಡುವ ಮೊದಲೇ ಸತ್ತಿರುತ್ತಾನೆ. ಈ ವ್ಯತ್ಯಾಸ ಹುಟ್ಟುವುದು ಆ ಕಾಲು ಸೆಕೆಂಡಿಗೂ ಮುಂಚಿನ ಐದಾರು ಸೆಕೆಂಡುಗಳಲ್ಲಿ: ಎಲ್ಲಿ ನಿಂತಿದ್ದಿರಿ, ಕ್ರಾಸ್‌ಹೇರ್ (ತೆರೆಯ ನಡುವಿನ ಗುರಿಚಿಹ್ನೆ) ಎಲ್ಲಿತ್ತು, ಏಕಕಾಲಕ್ಕೆ ಎಷ್ಟು ಬಂದೂಕುಗಳಿಗೆ ಕಾಣಿಸುತ್ತಿದ್ದಿರಿ. ಈ ಮೂರಕ್ಕೂ ಸೊಗಸಾದ ಗಣಿತವಿದೆ.

ಮೊದಲು ಕ್ರಾಸ್‌ಹೇರ್. 1954ರಲ್ಲಿ ಅಮೆರಿಕದ ಮನೋವಿಜ್ಞಾನಿ ಪಾಲ್ ಫಿಟ್ಸ್ ಕೈಚಲನೆಗೆ ಒಂದು ಸೂತ್ರ ಕೊಟ್ಟರು. ಗುರಿ ಎಷ್ಟು ದೂರವಿದೆ, ಎಷ್ಟು ಅಗಲವಿದೆ ಎಂಬೆರಡನ್ನು ತಿಳಿದರೆ ಅದನ್ನು ಮುಟ್ಟಲು ಬೇಕಾದ ಸಮಯ ಹೇಳಬಹುದು. ದೂರದ ಎರಡರಷ್ಟನ್ನು ಅಗಲದಿಂದ ಭಾಗಿಸಿ; ಬಂದ ಸಂಖ್ಯೆ 2ರ ಎಷ್ಟನೇ ಘಾತವೋ ಅಷ್ಟು ಬಿಟ್ ಕಷ್ಟ ಆ ಚಲನೆಗಿದೆ. ಫಿಟ್ಸ್ ಪ್ರಯೋಗಗಳಲ್ಲಿ ಬಿಟ್ ಒಂದಕ್ಕೆ ಸರಿಸುಮಾರು 100 ಮಿಲಿಸೆಕೆಂಡ್ ಹಿಡಿಯಿತು. ಈಗ ಎದುರಾಳಿಯ ತಲೆ 1 ಡಿಗ್ರಿ ಅಗಲ ಕಾಣುತ್ತಿದೆ ಎನ್ನೋಣ. ಕ್ರಾಸ್‌ಹೇರ್ ಅದರಿಂದ 8 ಡಿಗ್ರಿ ಆಚೆ ಇದ್ದರೆ ಲೆಕ್ಕ 16ಕ್ಕೆ ಬರುತ್ತದೆ, ಅಂದರೆ 4 ಬಿಟ್. 1 ಡಿಗ್ರಿ ಮಾತ್ರ ಆಚೆ ಇದ್ದರೆ 1 ಬಿಟ್. ನಡುವಿನ 3 ಬಿಟ್ ಎಂದರೆ 300 ಮಿಲಿಸೆಕೆಂಡ್, ನಿಮ್ಮ ಇಡೀ ಪ್ರತಿಕ್ರಿಯಾ ಸಮಯಕ್ಕಿಂತಲೂ ಹೆಚ್ಚು. ಜಗತ್ತಿನ ಅತಿ ಚುರುಕಾದ ಕೈಯೂ ಈ ಸಾಲವನ್ನು ತೀರಿಸಲಾರದು.

ಆದ್ದರಿಂದ ನಡೆಯುವಾಗ, ಓಡುವಾಗ, ಬಾಗಿಲು ದಾಟುವಾಗ ಕ್ರಾಸ್‌ಹೇರ್ ತಲೆಯ ಎತ್ತರದಲ್ಲೇ ಇರಬೇಕು, ಮುಂದಿನ ಮೂಲೆಯ ಬಳಿಯೇ ಇರಬೇಕು. ಎತ್ತರ ತಿಳಿಯಲು ಮ್ಯಾಪಿನಲ್ಲೇ ಗುರುತುಗಳಿರುತ್ತವೆ: ಪೆಟ್ಟಿಗೆಯ ಮೇಲಂಚು, ಕಿಟಕಿಯ ಚೌಕಟ್ಟು, ಗೋಡೆಯ ಮೇಲಿನ ಬಣ್ಣದ ಪಟ್ಟಿ. ಖಾಲಿ ಸರ್ವರಿನಲ್ಲಿ ಒಬ್ಬ ಗೆಳೆಯನನ್ನು ನಿಲ್ಲಿಸಿ ಇವನ್ನು ಒಮ್ಮೆ ಅಳೆದಿಟ್ಟುಕೊಂಡರೆ ಸಾಕು. ಹೆಚ್ಚಿನವರು ಎಡವುವುದು ಮೆಟ್ಟಿಲು ಮತ್ತು ಇಳಿಜಾರುಗಳಲ್ಲಿ. ಸಮತಟ್ಟು ನೆಲದ ಎತ್ತರವನ್ನೇ ಅಲ್ಲೂ ಹಿಡಿದು ಹೋಗಿ, ಮೇಲಿದ್ದವನ ಮೊಣಕಾಲಿಗೆ ಗುಂಡು ಹೊಡೆಯುತ್ತಾರೆ.

ಇನ್ನೊಂದು ತಪ್ಪು ಸೂಕ್ಷ್ಮವಾದದ್ದು. ಮೂಲೆಯನ್ನು ಕಾಯುವಾಗ ಕ್ರಾಸ್‌ಹೇರನ್ನು ಗೋಡೆಯಂಚಿಗೆ ಅಂಟಿಸಿ ಇಡುವುದು. ಕೌಂಟರ್-ಸ್ಟ್ರೈಕ್‌ನಲ್ಲಿ ಎಕೆ ಹಿಡಿದವನು ಸೆಕೆಂಡಿಗೆ 215 ಯೂನಿಟ್ (ಆಟದೊಳಗಿನ ಉದ್ದದ ಅಳತೆ) ಓಡುತ್ತಾನೆ. ಆಟಗಾರನ ಅಗಲ 32 ಯೂನಿಟ್. ನೀವು ಪ್ರತಿಕ್ರಿಯಿಸುವ 200 ಮಿಲಿಸೆಕೆಂಡಿನಲ್ಲಿ ಅವನು 43 ಯೂನಿಟ್, ಅಂದರೆ ತನ್ನ ಮೈಯಗಲಕ್ಕಿಂತ ಹೆಚ್ಚು ದೂರ ಸರಿದಿರುತ್ತಾನೆ. ನಿಮ್ಮ ಗುಂಡು ಅವನ ಬೆನ್ನ ಹಿಂದಿನ ಗೋಡೆಗೆ ಬೀಳುತ್ತದೆ. ಅಂಚಿನಿಂದ ಒಂದು ಮೈಯಗಲದಷ್ಟು ಜಾಗ ಬಿಟ್ಟು ಹಿಡಿಯಿರಿ. ಓಡಿ ಬರುವವನು ತಾನಾಗಿ ಕ್ರಾಸ್‌ಹೇರಿನೊಳಗೆ ಬರುತ್ತಾನೆ. ಮೆಲ್ಲಗೆ ಇಣುಕುವವನಿಗೆ ಸರಿಹೊಂದಿಸಿಕೊಳ್ಳಲು ನಿಮಗೆ ಸಮಯ ಇರುತ್ತದೆ.

ಮೂಲೆಯ ರೇಖಾಗಣಿತದ ಬಗ್ಗೆ ಎಷ್ಟು ಹೇಳಿದರೂ ಕಡಿಮೆ. ಇಬ್ಬರು ಒಂದೇ ಮೂಲೆಯ ಎರಡು ಬದಿಗಳಲ್ಲಿದ್ದಾರೆ. ಒಬ್ಬ ಗೋಡೆಯಂಚಿಗೆ ಅಂಟಿ ನಿಂತಿದ್ದಾನೆ, ಇನ್ನೊಬ್ಬ ಹತ್ತು ಹೆಜ್ಜೆ ಹಿಂದಿದ್ದಾನೆ. ಯಾರು ಯಾರನ್ನು ಮೊದಲು ನೋಡುತ್ತಾರೆ? ಹಿಂದಿರುವವನೇ. ಆಟದಲ್ಲಿ ನಿಮ್ಮ ಕಣ್ಣು ದೇಹದ ನಡುವಿನಲ್ಲಿದೆ, ಭುಜ ಅದಕ್ಕಿಂತ ಮುಂದೆ ಚಾಚಿದೆ. ಅಂಚಿಗೆ ಅಂಟಿದವನು ಒಂದಿಷ್ಟು ಸರಿದರೂ ಅವನ ಭುಜ ದೊಡ್ಡ ಕೋನದಲ್ಲಿ ಹೊರಬೀಳುತ್ತದೆ. ಹಿಂದಿರುವವನ ಭುಜ ಅಷ್ಟೇ ಸರಿದರೂ ಕೋನ ಚಿಕ್ಕದು. ಗೋಡೆಯನ್ನು ತಬ್ಬಿ ನಿಂತರೆ ಸುರಕ್ಷಿತ ಎಂದು ಮನಸ್ಸು ಹೇಳುತ್ತದೆ, ಗಣಿತ ಅದಕ್ಕೆ ತದ್ವಿರುದ್ಧ ಹೇಳುತ್ತದೆ. ಮೂಲೆಯಿಂದ ದೂರ ಸರಿದೇ ತಿರುಗಬೇಕು.

ತಿರುಗುವ ರೀತಿ ಎರಡು. ಎದುರಾಳಿ ಎಲ್ಲಿದ್ದಾನೆಂದು ತಿಳಿಯದಿದ್ದಾಗ ಮೂಲೆಯನ್ನು ಕೇಂದ್ರವಾಗಿಟ್ಟುಕೊಂಡು ಕಮಾನಿನಂತೆ ಸರಿಯುತ್ತ, ಒಂದು ಸಲಕ್ಕೆ ಒಂದೇ ಸೀಳು ಜಾಗ ಕಾಣುವಂತೆ ನೋಡುತ್ತ ಹೋಗಬೇಕು. ಇದರ ಹಿಂದೆಯೂ ಒಂದು ನಿಯಮವಿದೆ. ಬ್ರಿಟನ್ನಿನ ವಿಲಿಯಂ ಹಿಕ್ 1952ರಲ್ಲಿ ತೋರಿಸಿದಂತೆ, ಸಾಧ್ಯತೆಗಳು ಇಮ್ಮಡಿಯಾದಾಗಲೆಲ್ಲ ಪ್ರತಿಕ್ರಿಯೆಯ ಸಮಯಕ್ಕೆ ಒಂದೊಂದು ನಿಗದಿತ ಕಂತು ಸೇರುತ್ತದೆ. ನಾಲ್ಕು ಅಡಗುತಾಣಗಳಿಗೆ ಒಮ್ಮೆಲೇ ತೆರೆದುಕೊಂಡರೆ ಎರಡು ಕಂತು ತೆತ್ತಂತೆ. ಒಂದೊಂದಾಗಿ ತೆರೆದರೆ ಏನೂ ಇಲ್ಲ. ಅವನ ಜಾಗ ಖಚಿತವಾಗಿ ತಿಳಿದಿದ್ದರೆ ಮಾತ್ರ ಇದಕ್ಕೆ ವಿರುದ್ಧವಾಗಿ, ವೇಗವಾಗಿ, ಅಗಲವಾಗಿ, ಹಿಂಜರಿಯದೆ ಹೊರಬರಬೇಕು.

ಅಗಲವಾಗಿ ಹೊರಬರುವವನಿಗೆ ನೆಟ್‌ವರ್ಕ್ ಕೂಡ ಒಂದು ಉಡುಗೊರೆ ಕೊಡುತ್ತದೆ. ನಿಮ್ಮಿಬ್ಬರ ಪಿಂಗ್ 40 ಎಂದಿಟ್ಟುಕೊಳ್ಳಿ. ಪಿಂಗ್ ಎಂದರೆ ಹೋಗಿಬರುವ ಸಮಯ, ಹಾಗಾಗಿ ಒಂದು ದಿಕ್ಕಿಗೆ 20 ಮಿಲಿಸೆಕೆಂಡ್. ಅವನು ಕೀ ಒತ್ತಿದ ತಕ್ಷಣ ಅವನ ಕಂಪ್ಯೂಟರ್ ಸರ್ವರಿನ ಉತ್ತರಕ್ಕೆ ಕಾಯದೆ ಅವನನ್ನು ಮುಂದಕ್ಕೆ ಸರಿಸುತ್ತದೆ. 1996ರ ಕ್ವೇಕ್‌ವರ್ಲ್ಡ್ ಆಟದಿಂದ ಬಂದ ಉಪಾಯ ಇದು. ಮೊದಲೇ ಅಲ್ಲಿ ನಿಂತಿದ್ದ ನೀವು ಅವನ ತೆರೆಯಲ್ಲಿ ಆಗಲೇ ಕಾಣುತ್ತೀರಿ. ಆದರೆ ಅವನ ಹೆಜ್ಜೆಯ ಸುದ್ದಿ ಸರ್ವರಿಗೆ ಹೋಗಲು 20, ಸರ್ವರಿನ ಮುಂದಿನ ಟಿಕ್‌ಗೆ (ಆಟದ ಸ್ಥಿತಿಯನ್ನು ಅದು ಹೊಸದಾಗಿ ಲೆಕ್ಕಹಾಕುವ ಗಳಿಗೆಗೆ) ಕಾಯಲು, ಸೆಕೆಂಡಿಗೆ 64 ಟಿಕ್‌ನ ಸರ್ವರಾದರೆ, ಹೆಚ್ಚೆಂದರೆ 15.6, ನಿಮ್ಮ ಬಳಿ ಬರಲು 20. ಆಮೇಲೆ ಚಲನೆ ನುಣುಪಾಗಿ ಕಾಣಲೆಂದು ನಿಮ್ಮ ಕಂಪ್ಯೂಟರ್ ಒಂದೆರಡು ಟಿಕ್ ಹಿಡಿದಿಟ್ಟುಕೊಳ್ಳುತ್ತದೆ. ಒಟ್ಟು 60ರಿಂದ 85 ಮಿಲಿಸೆಕೆಂಡ್ ಅವನಿಗೆ ಉಚಿತ. ವ್ಯಾಲರಂಟ್ ಆಟದಂತೆ 128 ಟಿಕ್‌ನ ಸರ್ವರಾದರೆ ಈ ಅಂತರ ಕುಗ್ಗುತ್ತದೆ, ಮಾಯವಾಗುವುದಿಲ್ಲ. ಬೆಳಕೇ ಫೈಬರಿನಲ್ಲಿ ಸಾವಿರ ಕಿಲೋಮೀಟರಿಗೆ 5 ಮಿಲಿಸೆಕೆಂಡ್ ತೆಗೆದುಕೊಳ್ಳುತ್ತದೆ. ಗೋಡೆಯ ಹಿಂದೆ ಸೇರಿಕೊಂಡ ಮೇಲೂ ಸತ್ತೆ ಎಂಬ ದೂರು ಹುಟ್ಟುವುದೂ ಇಲ್ಲಿಂದಲೇ: ಹೊಡೆದವನು ಗುಂಡಿ ಒತ್ತಿದ ಗಳಿಗೆಯಲ್ಲಿ ಅವನ ತೆರೆಯಲ್ಲಿ ನೀವಿನ್ನೂ ಹೊರಗಿದ್ದಿರಿ, ಸರ್ವರ್ ಕಾಲವನ್ನು ಹಿಂದಕ್ಕೆ ಸರಿಸಿ ಅದನ್ನೇ ಒಪ್ಪಿಕೊಂಡಿತು.

ಒಂದೇ ಮೂಲೆಯನ್ನು ಅಲುಗಾಡದೆ ಕಾಯುವವನು ಈ ತೆರಿಗೆಯನ್ನು ಪ್ರತಿಸಲವೂ ಕಟ್ಟುತ್ತಾನೆ. ಒಬ್ಬನನ್ನು ಹೊಡೆದ ಕೂಡಲೇ, ಅಥವಾ ಕಣ್ಣಿಗೆ ಬಿದ್ದ ಕೂಡಲೇ, ಜಾಗ ಬದಲಿಸಬೇಕು. ಪಿಂಗ್ ಕಡಿಮೆ ಇದ್ದರೆ ಸಾಲದು, ಏರಿಳಿತವೂ ಇರಬಾರದು. ವೈ-ಫೈ ಬಿಟ್ಟು ಕೇಬಲ್ ಹಾಕಿದರೆ ಬಹುತೇಕ ಏರಿಳಿತ ನಿಲ್ಲುತ್ತದೆ. ಮನೆಯಲ್ಲಿ ಯಾರಾದರೂ ದೊಡ್ಡ ಫೈಲ್ ಕಳಿಸುತ್ತಿದ್ದರೆ ರೂಟರಿನಲ್ಲಿ ಸರದಿ ಬೆಳೆದು ಪಿಂಗ್ ಜಿಗಿಯುತ್ತದೆ, ಅಪ್‌ಲೋಡ್‌ಗೆ ಮಿತಿ ಹಾಕುವುದೇ ಅದಕ್ಕೆ ಮದ್ದು.

ಹೊರಬಂದ ಮೇಲೆ ನಿಲ್ಲಬೇಕು ಎಂಬುದನ್ನೂ ಹೇಳಬೇಕು. ಕೌಂಟರ್-ಸ್ಟ್ರೈಕ್‌ನಲ್ಲಿ ಪೂರ್ಣ ವೇಗದ ಮೂರನೇ ಒಂದರಷ್ಟಕ್ಕೆ ಇಳಿಯದ ಹೊರತು ಗುಂಡು ಚದರುತ್ತದೆ. ಬಲಕ್ಕೆ ಓಡುತ್ತಿದ್ದರೆ ಬಲದ ಕೀ ಬಿಟ್ಟು ಎಡದ ಕೀಯನ್ನು ಒಂದು ಕ್ಷಣ ತಟ್ಟಿ, ಆಗ ಹೊಡೆಯಬೇಕು. ಎಡದ ಕೀಯನ್ನು ಹೆಚ್ಚು ಹೊತ್ತು ಹಿಡಿದರೆ ಎಡಕ್ಕೇ ಓಟ ಶುರುವಾಗಿ ಮತ್ತೆ ಚದರುತ್ತದೆ. ಅಪೆಕ್ಸ್ ಲೆಜೆಂಡ್ಸ್ ಆಟದಲ್ಲಿ ಈ ಅಭ್ಯಾಸ ಸಲ್ಲದು; ಅಲ್ಲಿ ಎಡಬಲ ತೂಗಾಡುತ್ತಲೇ ಹೊಡೆಯುವವನು ಬದುಕುತ್ತಾನೆ.

ಇಷ್ಟೆಲ್ಲ ಒಬ್ಬನ ಕತೆ. ಮ್ಯಾಚ್ ಗೆಲ್ಲುವುದು ತಂಡದ ಲೆಕ್ಕದಿಂದ, ಮತ್ತು ಆ ಲೆಕ್ಕ ಇನ್ನೂ ಸ್ವಾರಸ್ಯಕರ. ಮೊದಲ ಮಹಾಯುದ್ಧದ ಕಾಲದಲ್ಲಿ ಬ್ರಿಟಿಷ್ ಎಂಜಿನಿಯರ್ ಫ್ರೆಡರಿಕ್ ಲ್ಯಾಂಚೆಸ್ಟರ್ ವಿಮಾನಗಳ ಕಾದಾಟದ ಬಗ್ಗೆ ಯೋಚಿಸುತ್ತ ಒಂದು ಸಂಗತಿ ಕಂಡುಕೊಂಡರು. ಎಲ್ಲರೂ ಎಲ್ಲರಿಗೂ ಗುರಿಯಿಡಬಲ್ಲ ಕಾದಾಟದಲ್ಲಿ ಪಡೆಯ ಬಲ ಸಂಖ್ಯೆಯ ವರ್ಗಕ್ಕೆ ಸಮ. ಐವರಿಗೂ ನಾಲ್ವರಿಗೂ ಸಮಾನ ಕೌಶಲವಿದ್ದು ನೇರ ಎದುರಾದರೆ 25ರಿಂದ 16 ಕಳೆದು 9 ಉಳಿಯುತ್ತದೆ; ಅದರ ವರ್ಗಮೂಲ 3. ಅಂದರೆ ನಾಲ್ವರು ಅಳಿದ ಮೇಲೆ ಐವರಲ್ಲಿ ಮೂವರು ಜೀವಂತ. ರೌಂಡಿನ ಮೊದಲ ಸಾವು ಅಷ್ಟು ದುಬಾರಿ ಯಾಕೆಂಬುದು ಇದರಿಂದಲೇ ಅರ್ಥವಾಗುತ್ತದೆ.

ಇದಕ್ಕಿಂತ ಕಣ್ತೆರೆಸುವ ಲೆಕ್ಕ ಮುಂದಿನದು. ಐದಕ್ಕೆ ಐದು ಸಮಬಲ. ಆದರೆ ನಿಮ್ಮವರು ಮೊದಲು ಮೂವರು, ಹತ್ತು ಸೆಕೆಂಡಿನ ನಂತರ ಇಬ್ಬರು ನುಗ್ಗಿದರು. ಮೊದಲ ಸುತ್ತಿನಲ್ಲಿ 25ರಿಂದ 9 ಕಳೆದು 16. ಎದುರಾಳಿಗಳು ನಾಲ್ವರು ಉಳಿದರು. ಎರಡನೇ ಸುತ್ತಿನಲ್ಲಿ 16ರಿಂದ 4 ಕಳೆದು 12. ಮೂವರಿಗಿಂತ ಹೆಚ್ಚೇ ಉಳಿದರು. ಕೌಶಲದಲ್ಲಿ ಎಳ್ಳಷ್ಟೂ ಕೊರತೆಯಿಲ್ಲದೆ, ಬರೀ ಹತ್ತು ಸೆಕೆಂಡಿನ ಅಂತರಕ್ಕೆ ಇಡೀ ತಂಡ ಅಳಿಯಿತು. ಸೋಲುವ ತಂಡಗಳನ್ನು ಗಮನಿಸಿದರೆ ಅವರ ಗುರಿ ಕೆಟ್ಟಿರುವುದಕ್ಕಿಂತ ಅವರು ಒಬ್ಬೊಬ್ಬರಾಗಿ ಸಾಯುತ್ತಿರುವುದೇ ಹೆಚ್ಚು.

ಜೊತೆಯಾಗಿ ಹೋಗುವುದಕ್ಕೂ ಒಂದು ಅಳತೆ ಇದೆ. ಎರಡನೆಯವನು ಮೊದಲನೆಯವನ ಬೆನ್ನಿಗೇ ಅಂಟಿದರೆ ಒಂದೇ ಸ್ಪ್ರೇಗೆ (ಸತತ ಗುಂಡಿನ ಮಳೆಗೆ) ಇಬ್ಬರೂ ಬೀಳುತ್ತಾರೆ. ನಾಲ್ಕೈದು ಸೆಕೆಂಡ್ ಹಿಂದಿದ್ದರೆ, ಕೊಂದವನು ಅಷ್ಟರಲ್ಲಿ ಮರೆಯಾಗಿರುತ್ತಾನೆ. ಮೊದಲನೆಯವನು ಬಿದ್ದ ಅರ್ಧ ಸೆಕೆಂಡಿನೊಳಗೆ ಅದೇ ಜಾಗದ ಮೇಲೆ ಎರಡನೆಯ ಬಂದೂಕು ಇರಬೇಕು, ಅದೂ ಬೇರೆ ಕೋನದಿಂದ; ಒಬ್ಬ ಅಗಲವಾಗಿ ಹೊರಬಂದರೆ ಇನ್ನೊಬ್ಬ ಒಳಬದಿಯಲ್ಲಿ ಬರಬೇಕು. ಕಾಯುವವನು ಒಬ್ಬನಿಂದ ಇನ್ನೊಬ್ಬನತ್ತ ತಿರುಗಲು ಮತ್ತೆ ಫಿಟ್ಸ್ ಸೂತ್ರದ ಬೆಲೆ ತೆರಬೇಕಾಗುತ್ತದೆ. ಕಾಯುವ ತಂಡವೂ ಇದೇ ಅಸ್ತ್ರ ಬಳಸಬಹುದು: ಒಂದೇ ಬಾಗಿಲನ್ನು ಇಬ್ಬರು 90 ಡಿಗ್ರಿಯಷ್ಟು ಬೇರೆ ಬೇರೆ ದಿಕ್ಕಿನಿಂದ ಹಿಡಿದರೆ ಒಳಬರುವವನು ಇಬ್ಬರನ್ನೂ ಒಂದೇ ತೆರೆಯಲ್ಲಿ ಕಾಣಲಾರ.

ಸ್ಮೋಕ್ ಗ್ರೆನೇಡಿನ ನಿಜವಾದ ಕೆಲಸವೂ ಈ ಲೆಕ್ಕವನ್ನು ತಿದ್ದುವುದೇ. ಮೂವರು ಕಾಯುತ್ತಿರುವ ಜಾಗಕ್ಕೆ ಐವರು ನುಗ್ಗುವಾಗ ಇಬ್ಬರ ಕಣ್ಣಿಗೆ ಹೊಗೆ ಅಡ್ಡ ಬಂದರೆ ಅದು ಐದಕ್ಕೆ ಮೂರಲ್ಲ, ಐದಕ್ಕೆ ಒಂದು. ನಿಮ್ಮ ಕಾಲಬುಡದಲ್ಲೇ ಹೊಗೆ ಹಾಕಿಕೊಂಡರೆ ಇದು ತಲೆಕೆಳಗಾಗಿ, ನೀವು ಹೊಗೆಯಿಂದ ಒಬ್ಬೊಬ್ಬರಾಗಿ ಹೊರಬರುತ್ತೀರಿ. ಕಣ್ಣು ಕೋರೈಸುವ ಫ್ಲ್ಯಾಶ್ ಗ್ರೆನೇಡನ್ನು ಎದುರಾಳಿಯ ಕಣ್ಣಿಗೆ ಬಿದ್ದ ಕೂಡಲೇ ಸಿಡಿಯುವಂತೆ ಎಸೆಯಬೇಕು. ಅರ್ಧ ಸೆಕೆಂಡ್ ಗಾಳಿಯಲ್ಲಿ ಕಂಡರೆ ಎದುರಾಳಿ ಮುಖ ತಿರುಗಿಸಿಕೊಳ್ಳುತ್ತಾನೆ.

ಹಣದ ವಿಚಾರವೂ ಅಷ್ಟೇ. ಕೌಂಟರ್-ಸ್ಟ್ರೈಕ್‌ನಲ್ಲಿ ರೌಂಡಿನ ಆರಂಭಕ್ಕೆ ಆಟದೊಳಗಿನ ಹಣದಿಂದ ಬಂದೂಕು ಕೊಳ್ಳಬೇಕು: ಎಕೆ 2,700, ಹೆಲ್ಮೆಟ್ ಸಹಿತ ಕವಚ 1,000. ಈ ರೌಂಡಿಗೆ ಮೂವರು ಮಾತ್ರ ಕೊಳ್ಳಬಲ್ಲರು ಎಂದಾದರೆ, ಐವರೂ ಉಳಿಸಿ ಮುಂದಿನ ರೌಂಡಿಗೆ ಒಟ್ಟಾಗಿ ಕೊಳ್ಳುವುದೇ ಸಾಮಾನ್ಯವಾಗಿ ಮೇಲು. ಮೂವರ ವರ್ಗ 9, ಐವರದ್ದು 25.

ಸಂಖ್ಯೆಯಲ್ಲಿ ಕಡಿಮೆ ಇರುವವನಿಗೂ ಲ್ಯಾಂಚೆಸ್ಟರ್ ದಾರಿ ಬಿಟ್ಟಿದ್ದಾರೆ. ಒಂದು ಸಲಕ್ಕೆ ಒಬ್ಬನೇ ಎದುರಾಗುವ ಕಿರಿದಾದ ಜಾಗದಲ್ಲಿ ವರ್ಗದ ನಿಯಮ ನಡೆಯುವುದಿಲ್ಲ. ಒಬ್ಬನೇ ಉಳಿದು ಮೂವರು ಎದುರಿದ್ದಾಗ ಬಯಲಿನಲ್ಲಿ ಗೆಲುವಿನ ಆಸೆ ಶೂನ್ಯಕ್ಕೆ ಹತ್ತಿರ. ಅದನ್ನೇ ಮೂರು ಬೇರೆ ಬೇರೆ ಒಬ್ಬರಿಗೊಬ್ಬರ ಕಾಳಗವಾಗಿ ಒಡೆದರೆ ಎಂಟರಲ್ಲಿ ಒಂದು. ಮೊದಲನೆಯವನನ್ನು ಹೊಡೆದ ಮೇಲೆ ಅದೇ ಮೂಲೆಯಿಂದ ಮತ್ತೆ ಇಣುಕಬಾರದು, ಉಳಿದಿಬ್ಬರ ಕ್ರಾಸ್‌ಹೇರ್ ಅಲ್ಲೇ ಕಾದಿರುತ್ತದೆ. ನಿಮ್ಮ ತಂಡ ಬಾಂಬ್ ನೆಟ್ಟಾಗಿದ್ದರೆ ಗಡಿಯಾರವೂ ನಿಮ್ಮ ಜೊತೆಗಾರ: ಸಿಡಿಯಲು 40 ಸೆಕೆಂಡ್, ನಿಷ್ಕ್ರಿಯಗೊಳಿಸಲು ಕಿಟ್ ಇದ್ದರೆ 5, ಇಲ್ಲದಿದ್ದರೆ 10. ಅಟ್ಟಿಸಿಕೊಂಡು ಹೋಗಬೇಕಾದವರು ಅವರು.

ಸಲಕರಣೆಯ ಬಗ್ಗೆ ಜನ ಅಗತ್ಯಕ್ಕಿಂತ ಹೆಚ್ಚು ತಲೆಕೆಡಿಸಿಕೊಳ್ಳುತ್ತಾರೆ. 60 ಹರ್ಟ್ಸ್‌ನ ಮಾನಿಟರ್ 16.7 ಮಿಲಿಸೆಕೆಂಡಿಗೊಮ್ಮೆ ಚಿತ್ರ ಬದಲಿಸುತ್ತದೆ, 144ರದ್ದು 6.9ಕ್ಕೊಮ್ಮೆ, ಈ ಬದಲಾವಣೆ ಕೈಗೆ ಗೊತ್ತಾಗುತ್ತದೆ. ಸೆನ್ಸಿಟಿವಿಟಿಯನ್ನು (ಮೌಸ್ ಸರಿಸಿದಾಗ ನೋಟ ಎಷ್ಟು ತಿರುಗುತ್ತದೆ ಎಂಬುದನ್ನು) ಸೆಂಟಿಮೀಟರಿನಲ್ಲಿ ಅಳೆಯಿರಿ: ಕೌಂಟರ್-ಸ್ಟ್ರೈಕ್‌ನಲ್ಲಿ 800 ಡಿಪಿಐ (ಇಂಚು ಸರಿದರೆ ಎಣಿಸುವ ಚುಕ್ಕೆಗಳು) ಮೌಸಿಗೆ ಸೆನ್ಸಿಟಿವಿಟಿ 1 ಇಟ್ಟರೆ ಪೂರ್ತಿ ಒಂದು ಸುತ್ತಿಗೆ 52 ಸೆಂಟಿಮೀಟರ್, 2 ಇಟ್ಟರೆ 26. ಈ ನಡುವಿನ ಯಾವುದಾದರೂ ಒಂದನ್ನು ಆರಿಸಿ ತಿಂಗಳುಗಟ್ಟಲೆ ಮುಟ್ಟದಿರುವುದು ಲೇಸು. ವಿಂಡೋಸ್‌ನ ಮೌಸ್ ವೇಗವರ್ಧನೆ ಆಫ್ ಮಾಡಿರಬೇಕು. ಹೆಡ್‌ಫೋನ್ ಅತ್ಯಗತ್ಯ, ಯಾಕೆಂದರೆ ಶಬ್ದ ಒಂದು ಕಿವಿಯಿಂದ ಇನ್ನೊಂದಕ್ಕೆ ಹೆಚ್ಚೆಂದರೆ 0.7 ಮಿಲಿಸೆಕೆಂಡ್ ತಡವಾಗಿ ಮುಟ್ಟುವುದರಿಂದಲೇ ಮಿದುಳು ಬಹುಮಟ್ಟಿಗೆ ದಿಕ್ಕು ಹಿಡಿಯುತ್ತದೆ. ಮುಂದೆಯೋ ಹಿಂದೆಯೋ ಎಂಬ ಗೊಂದಲ ಬಂದರೆ ಸ್ವಲ್ಪ ತಿರುಗಿ ಮತ್ತೆ ಕೇಳಿಸಿಕೊಳ್ಳಿ. ಆಟದ್ದೇ 3ಡಿ ಧ್ವನಿ ಚಾಲೂ ಇದ್ದಾಗ ಹೆಡ್‌ಫೋನಿನ ಸರೌಂಡ್ ಕೂಡ ಹಾಕಿದರೆ ಎರಡೂ ಕಲಸಿ ದಿಕ್ಕೇ ಕೆಡುತ್ತದೆ. ಸತ್ತವರು ಮೈಕಿನಲ್ಲಿ ಹೇಳಬೇಕಾದದ್ದು ಮೂರೇ: ಎಲ್ಲಿ, ಎಷ್ಟು ಜನ, ಎಷ್ಟು ಪೆಟ್ಟು ತಿಂದಿದ್ದಾನೆ. ಅದಾದ ಮೇಲೆ ಮೌನ, ಬದುಕಿರುವವನಿಗೆ ಹೆಜ್ಜೆ ಸಪ್ಪಳ ಕೇಳಬೇಕು.

ಪ್ರಗತಿಯನ್ನು ಸೋಲುಗೆಲುವಿನಿಂದ ಅಳೆಯಲು ಹೋದರೆ ಮೋಸಹೋಗುತ್ತೀರಿ. ಆಟಗಾರರನ್ನು ಜೋಡಿಸುವ ಮ್ಯಾಚ್‌ಮೇಕಿಂಗ್ ವ್ಯವಸ್ಥೆ ಸರಿಸಮಾನರನ್ನೇ ಎದುರು ನಿಲ್ಲಿಸುತ್ತದೆ. ಅರ್ಧಕ್ಕರ್ಧ ಅವಕಾಶದಲ್ಲಿ ಮುಂದಿನ ನಾಲ್ಕೂ ಮ್ಯಾಚ್ ಸೋಲುವ ಸಂಭವ ಹದಿನಾರರಲ್ಲಿ ಒಂದು, ಯಾವ ತಪ್ಪೂ ಮಾಡದಿದ್ದರೂ. ಅದರ ಬದಲು ನಿಮ್ಮ ಕೊನೆಯ 20 ಸಾವುಗಳ ರೀಪ್ಲೇ ನೋಡಿ. ಪ್ರತಿಯೊಂದರ ಮುಂದೆ ಒಂದು ಗುರುತು ಹಾಕಿ: ಕ್ರಾಸ್‌ಹೇರ್ ದೂರವಿತ್ತೇ, ಇಬ್ಬರಿಗೆ ಒಟ್ಟಿಗೆ ಕಂಡಿರೇ, ಕಂಡ ಜಾಗದಲ್ಲೇ ಮತ್ತೆ ಇಣುಕಿದಿರೇ, ಸತ್ತಾಗ ಸೇಡು ತೀರಿಸುವಷ್ಟು ಹತ್ತಿರ ಜೊತೆಗಾರ ಇರಲಿಲ್ಲವೇ. ನಾಲ್ಕರಲ್ಲಿ ಒಂದು ಗುಂಪು ಎದ್ದು ಕಾಣುತ್ತದೆ. ಆ ವಾರ ಅದೊಂದನ್ನೇ ತಿದ್ದಿಕೊಳ್ಳುತ್ತ ಆಡಿ, ವಾರದ ಕೊನೆಗೆ ಮತ್ತೆ 20 ಎಣಿಸಿ.